ಮೋಸ್ಲಿ ರೋಡ್ ಬಾತ್ಸ್: ಕಟ್ಟಡವೇನೋ ಉಳಿಯಿತು, ಈಜಿನ ಗತಿ ಏನು?

ಇಂಗ್ಲೆಂಡಿನ ಬರ್ಮಿಂಗ್‌ಹ್ಯಾಮ್ ನಗರದ ಮೋಸ್ಲಿ ರೋಡ್ ಬಾತ್ಸ್ ಎಂಬ ಹಳೆಯ ಸಾರ್ವಜನಿಕ ಸ್ನಾನಗೃಹದ ಬಗ್ಗೆ ಹೊಸದಾಗಿ ಓದಲು ಕೂತವರಿಗೆ ತಲೆಬುಡ ಗೊತ್ತಾಗುವುದಿಲ್ಲ. ಒಂದು ಕಾಲಕ್ಕೆ ಮುಚ್ಚಲು ಹೊರಟಿದ್ದ ಪಾಲಿಕೆಯೇ ಆಮೇಲೆ ಅದರ ದುರಸ್ತಿಗೆ ಸರ್ಕಾರದ ಹಣ ತಂದಿತು. ಕಟ್ಟಡದೊಳಗೆ ಎರಡು ಈಜುಕೊಳಗಳಿವೆ. ದೊಡ್ಡದನ್ನು 2003ರಲ್ಲೇ ಮುಚ್ಚಿದರು. ಚಿಕ್ಕದನ್ನು ಇಟ್ಟುಕೊಂಡೇ ಊರಿನವರು ಇಷ್ಟು ವರ್ಷ ತಳ್ಳಿದ್ದಾರೆ. ಜಾಗ ಪಾಲಿಕೆಯದು, ಈಜು ನಡೆಸುವುದು ಸ್ಥಳೀಯರ ಟ್ರಸ್ಟು, ದೊಡ್ಡ ಹಣ ಬರಬೇಕಾದ್ದು ಲಂಡನ್ನಿನ ಕೇಂದ್ರ ಸರ್ಕಾರದಿಂದ. ಹೀಗೇಕಾಯಿತು ಅಂತ ತಿಳಿಯಬೇಕಾದರೆ ಸ್ವಲ್ಪ ಹಿಂದಿನಿಂದ ಬರಬೇಕು.

ಬಾತ್ಸ್ ಇರುವುದು ಬಾಲ್ಸಲ್ ಹೀತ್ ಎಂಬ ಕಡೆ. 1891ರ ತನಕ ಅದು ಬರ್ಮಿಂಗ್‌ಹ್ಯಾಮಿಗೆ ಸೇರಿರಲಿಲ್ಲ, ವೂಸ್ಟರ್‌ಶೈರ್ ಜಿಲ್ಲೆಯಲ್ಲಿತ್ತು. ನಗರಕ್ಕೆ ಸೇರಿಕೊಂಡರೆ ಒಂದು ಗ್ರಂಥಾಲಯ, ಒಂದು ಸ್ನಾನಗೃಹ ಕಟ್ಟಿಸಿಕೊಡುತ್ತೇವೆ ಎಂದು ಆಗ ಮಾತಾಗಿತ್ತು. ಗ್ರಂಥಾಲಯ ಕೆಲವೇ ವರ್ಷಗಳಲ್ಲಿ ಎದ್ದಿತು. ಸ್ನಾನಗೃಹದ ಬಾಗಿಲು ತೆರೆದದ್ದು 1907ರ ಅಕ್ಟೋಬರ್ 30ರಂದು, ಮಾತು ಕೊಟ್ಟು ಹದಿನಾರು ವರ್ಷ ಕಳೆದ ಮೇಲೆ. ಈ ಊರಿಗೆ ಕಾಯುವುದು ಅವತ್ತೇ ಅಭ್ಯಾಸವಾಗಿತ್ತು.

ಕೆಂಪು ಇಟ್ಟಿಗೆ, ಟೆರಾಕೋಟಾ ಅಲಂಕಾರದ ಮುಂಭಾಗದಲ್ಲಿ ಮೂರು ಬಾಗಿಲು. ಮೊದಲ ದರ್ಜೆಯ ಗಂಡಸರಿಗೊಂದು, ಎರಡನೇ ದರ್ಜೆಯ ಗಂಡಸರಿಗೊಂದು, ಹೆಂಗಸರಿಗೊಂದು. ಯಾರು ಎಲ್ಲಿಂದ ಒಳಗೆ ಹೋಗಬೇಕೆಂದು ಬಾಗಿಲ ಮೇಲೇ ಕೆತ್ತಿದ್ದಾರೆ. ಮೊದಲ ದರ್ಜೆಯ ದೊಡ್ಡ ಕೊಳಕ್ಕೆ ಗಾಲಾ ಪೂಲ್ ಎಂದು ಹೆಸರು. ಸ್ಪರ್ಧೆ ನೋಡಲು ಬರುವವರಿಗಾಗಿ ಸುತ್ತ ಬಾಲ್ಕನಿ ಇದೆ.

ಆದರೆ ಇಲ್ಲಿಗೆ ಬರುತ್ತಿದ್ದವರೆಲ್ಲ ಈಜಲು ಬರುತ್ತಿರಲಿಲ್ಲ, ಬಹಳ ಮಂದಿ ಮೈ ತೊಳೆಯಲು ಬರುತ್ತಿದ್ದರು. ಸುತ್ತಲಿನ ಕೂಲಿಕಾರರ ಮನೆಗಳಲ್ಲಿ ಬಚ್ಚಲು ಅಂತಲೇ ಇರಲಿಲ್ಲ. ಅದಕ್ಕಾಗಿ ಒಳಗೆ 46 ಪುಟ್ಟ ಕೋಣೆಗಳು, ಒಂದೊಂದರಲ್ಲೂ ಒಂದು ಟಬ್. ಬ್ರಿಟನ್ನಿನ ಇಂಥ ಸ್ನಾನಗೃಹಗಳಲ್ಲಿ ಸಾಮಾನ್ಯವಾಗಿ ನಲ್ಲಿ ಇರುತ್ತಿದ್ದದ್ದು ಹೊರಗೆ, ಕೆಲಸದವರ ಕೈಯಲ್ಲಿ. ಬಿಸಿನೀರು ಸಾಲದಿದ್ದರೆ ಒಳಗಿನಿಂದ ಕೋಣೆ ನಂಬರು ಹೇಳಿ ಕೂಗಬೇಕಿತ್ತು. ಮೋಸ್ಲಿ ರೋಡಿನ ಟಬ್ಬುಗಳು 2004ರವರೆಗೂ ಬಳಕೆಯಲ್ಲಿದ್ದವು. ಇಪ್ಪತ್ತೊಂದನೇ ಶತಮಾನದಲ್ಲೂ ದುಡ್ಡು ಕೊಟ್ಟು ಅಲ್ಲಿ ಸ್ನಾನ ಮಾಡಿ ಹೋಗುವವರಿದ್ದರು ಎಂದರೆ ಆ ಕಟ್ಟಡ ಯಾರಿಗೆ ಬೇಕಿತ್ತು ಎಂದು ಬಿಡಿಸಿ ಹೇಳಬೇಕಿಲ್ಲ.

ನಡುವಿನ ಸುಮಾರು ತೊಂಬತ್ತು ವರ್ಷ ಎರಡು ಮಹಾಯುದ್ಧ, ಕಾರ್ಖಾನೆಗಳ ಏಳುಬೀಳು, ಪಾಕಿಸ್ತಾನ, ಬಾಂಗ್ಲಾದೇಶ, ಕೆರಿಬಿಯನ್ ಕಡೆಗಳಿಂದ ಬಂದು ನೆಲೆಸಿದ ಕುಟುಂಬಗಳು ಇವುಗಳಲ್ಲೇ ಕಳೆದವು.

ತೊಡಕು ಶುರುವಾದದ್ದು 2003ರಲ್ಲಿ. ಗಾಲಾ ಪೂಲ್ ಸುರಕ್ಷಿತವಲ್ಲ ಎಂದು ಅದನ್ನು ಖಾಲಿ ಮಾಡಿದರು. ಒಳಾಂಗಣ ಈಜುಕೊಳ ಹಾಳಾಗುವ ಬಗೆಯೇ ಬೇರೆ. ಬೆಚ್ಚಗಿನ ತೇವದ ಗಾಳಿ, ಅದರಲ್ಲಿ ಕ್ಲೋರಿನ್. ಚಾವಣಿಯ ಕಬ್ಬಿಣದ ಮೇಲೆ ಅದು ಹನಿಯಾಗಿ ಕೂರುತ್ತದೆ, ನಿಧಾನವಾಗಿ ತಿನ್ನುತ್ತದೆ. ಹಾಗಂತ ಕೊಳ ಮುಚ್ಚಿಬಿಟ್ಟರೆ ಖರ್ಚು ನಿಲ್ಲುತ್ತದಾ? ಇಲ್ಲ. ಕಾವು ಹೋಗುತ್ತದೆ, ಥಂಡಿ ಹಿಡಿಯುತ್ತದೆ, ಗೋಡೆ ಇನ್ನೂ ಬೇಗ ಕೆಡುತ್ತದೆ. ಈ ವರ್ಷ ಬೇಡ ಎಂದು ಬಿಟ್ಟ ದುರಸ್ತಿ ಐದು ವರ್ಷದ ಮೇಲೆ ಹಲವು ಪಟ್ಟು ಬೆಳೆದು ಎದುರಿಗೆ ನಿಲ್ಲುತ್ತದೆ.

ಕಟ್ಟಡಕ್ಕೆ ರಕ್ಷಣೆ ಇತ್ತಲ್ವಾ ಎಂದು ಕೇಳಬಹುದು. ಇತ್ತು. ಇಂಗ್ಲೆಂಡಿನ ಪಾರಂಪರಿಕ ಕಟ್ಟಡಗಳ ಗ್ರೇಡ್ 2 ಸ್ಟಾರ್ ಪಟ್ಟಿಯಲ್ಲಿದೆ, ಅಂದರೆ ಸಾಮಾನ್ಯ ಪಾರಂಪರಿಕ ಕಟ್ಟಡಕ್ಕಿಂತ ಒಂದು ಮೆಟ್ಟಿಲು ಮೇಲೆ. ಒಡೆಯುವ ಹಾಗಿಲ್ಲ, ಮನಸ್ಸಿಗೆ ಬಂದಂತೆ ಬದಲಾಯಿಸುವ ಹಾಗಿಲ್ಲ. ಆದರೆ ಅದರೊಳಗೆ ನೀರು ತುಂಬಿರಬೇಕು, ಜನ ಈಜುತ್ತಿರಬೇಕು ಎಂದು ಆ ಪಟ್ಟಿ ಹೇಳುವುದಿಲ್ಲ. ಶಾಲೆ, ವೃದ್ಧರ ಆರೈಕೆ ಇವನ್ನು ಇಂಗ್ಲೆಂಡಿನ ಪಾಲಿಕೆಗಳು ಕಾನೂನಿನ ಪ್ರಕಾರ ನೋಡಿಕೊಳ್ಳಲೇಬೇಕು. ಈಜುಕೊಳ ಆ ಸಾಲಿಗೆ ಬರುವುದಿಲ್ಲ, ಇಟ್ಟರೂ ಸರಿ, ಬಿಟ್ಟರೂ ಸರಿ. ಪ್ರಾಥಮಿಕ ಶಾಲೆ ಮುಗಿಸುವಷ್ಟರಲ್ಲಿ ಪ್ರತಿ ಮಗು 25 ಮೀಟರ್ ಈಜಬೇಕು ಎಂದು ಅಲ್ಲಿನ ರಾಷ್ಟ್ರೀಯ ಪಠ್ಯಕ್ರಮವೇ ಹೇಳುತ್ತದೆ. ಮಗು ಎಲ್ಲಿ ಈಜಬೇಕು ಎಂಬುದಕ್ಕೆ ಮಾತ್ರ ಯಾರೂ ಹೊಣೆಯಲ್ಲ. ಇಡೀ ಕಥೆಯ ಗಂಟು ಇರುವುದು ಇಲ್ಲೇ ಎಂದು ನನಗೆ ಅನ್ನಿಸುತ್ತದೆ.

ಸ್ಥಳೀಯರು 2006ರಲ್ಲಿ ‘ಫ್ರೆಂಡ್ಸ್ ಆಫ್ ಮೋಸ್ಲಿ ರೋಡ್ ಬಾತ್ಸ್’ ಎಂದು ಒಂದು ಗುಂಪು ಕಟ್ಟಿಕೊಂಡರು. ಆಮೇಲಿನ ಹತ್ತು ವರ್ಷ ಅರ್ಜಿ, ಸಭೆ, ಮನವಿ, ಮತ್ತೆ ಅರ್ಜಿ. ಲಾಟರಿ ಹಣದಿಂದ ಪಾರಂಪರಿಕ ತಾಣಗಳಿಗೆ ನೆರವು ಕೊಡುವ ಪಾರಂಪರಿಕ ಲಾಟರಿ ನಿಧಿಯಿಂದ ಹಣ ತರುವ ಯೋಚನೆ ಇತ್ತು. ಇಂಥ ನಿಧಿಗಳು ಸುಮ್ನೆ ಹಣ ಕೊಡುವುದಿಲ್ಲ, ಇತ್ತಿಂದಲೂ ಒಂದು ಪಾಲು ಹಾಕಬೇಕು. 2010ರ ನಂತರ ಕೇಂದ್ರದಿಂದ ಪಾಲಿಕೆಗಳಿಗೆ ಬರುವ ಹಣ ಕಡಿತವಾಗುತ್ತಾ ಹೋದ ಕಾಲ ಅದು, ಆ ಪಾಲು ಹುಟ್ಟುವುದೇ ಕಷ್ಟವಾಯಿತು. ಬಾತ್ಸ್ ಮುಚ್ಚುವ ಮಾತು ಬಂತು, ಮುಂದಕ್ಕೆ ಹೋಯಿತು, ಮತ್ತೆ ಬಂತು. ಯಾರಿಗೂ ಕೆಟ್ಟದ್ದು ಮಾಡುವ ಮನಸ್ಸಿತ್ತು ಅಂತಲ್ಲ. ಪ್ರತಿ ಸಲದ ನಿರ್ಧಾರಕ್ಕೂ ಆ ವರ್ಷದ ಲೆಕ್ಕಪತ್ರದಲ್ಲಿ ಒಂದು ಕಾರಣ ಸಿಗುತ್ತಿತ್ತು. ನೋವಿನ ಸಂಗತಿ ಎಂದರೆ, ಎಲ್ಲ ವರ್ಷಗಳನ್ನೂ ಸೇರಿಸಿ ನೋಡುವ ಲೆಕ್ಕಪತ್ರ ಎಲ್ಲೂ ಇರಲಿಲ್ಲ.

ಆ ದಿನಗಳ ಒಂದು ಫೋಟೋ ಇದೆ. ಖಾಲಿ ಗಾಲಾ ಪೂಲಿನ ಒಣ ನೆಲದ ಮೇಲೆ ಈಜುಡುಗೆ ತೊಟ್ಟ ಜನ ಸಾಲುಸಾಲಾಗಿ ನೆಟ್ಟಗೆ ನಿಂತಿದ್ದಾರೆ. ಮುದುಕರು, ಹುಡುಗರು, ಹೆಂಗಸರು, ಎಲ್ಲ ಬಗೆಯ ಮೈಕಟ್ಟು. ಯಾರ ಕೈಯಲ್ಲೂ ಫಲಕ ಇಲ್ಲ, ಘೋಷಣೆ ಇಲ್ಲ. ಅಷ್ಟು ವರ್ಷದ ಮನವಿಪತ್ರಗಳಿಗಿಂತ ಆ ಒಂದು ಚಿತ್ರ ಜಾಸ್ತಿ ಹೇಳುತ್ತದೆ. ಮುಂದೆ ಪಾರಂಪರಿಕ ತಾಣಗಳನ್ನು ಉಳಿಸಲು ದುಡಿಯುವ ಅಂತರರಾಷ್ಟ್ರೀಯ ಸಂಸ್ಥೆ ವರ್ಲ್ಡ್ ಮಾನ್ಯುಮೆಂಟ್ಸ್ ಫಂಡ್ ತನ್ನ 2016ರ ಅಪಾಯದಲ್ಲಿರುವ ತಾಣಗಳ ಪಟ್ಟಿಗೆ ಬಾತ್ಸನ್ನು ಸೇರಿಸಿತು. ಹಳೆಯ ಕಟ್ಟಡಗಳನ್ನು ಕಾಯುವ ಹಿಸ್ಟಾರಿಕ್ ಇಂಗ್ಲೆಂಡ್, ನ್ಯಾಷನಲ್ ಟ್ರಸ್ಟ್ ಸಂಸ್ಥೆಗಳೂ ಜೊತೆಗೆ ನಿಂತವು. 2018ರ ಏಪ್ರಿಲ್‌ನಲ್ಲಿ ಈಜಿನ ಉಸ್ತುವಾರಿ ಊರಿನವರ ಟ್ರಸ್ಟಿನ ಕೈಗೆ ಬಂತು. ಹೆಂಗಸರಿಗೇ ಮೀಸಲಾದ ಈಜಿನ ಹೊತ್ತುಗಳೂ ಉಳಿದುಕೊಂಡವು. ಮುಸ್ಲಿಂ ಕುಟುಂಬಗಳು ಜಾಸ್ತಿ ಇರುವ ಈ ಕಡೆ ಎಷ್ಟೋ ಹೆಂಗಸರು ನೀರಿಗೆ ಇಳಿಯುವುದು ಆ ಹೊತ್ತುಗಳಲ್ಲಿ ಮಾತ್ರ. ಬೇರೆ ಬಡಾವಣೆಯಲ್ಲಿ ಹೊಸ ಕೊಳ ಇದೆಯಲ್ಲ ಎನ್ನುವವರು ಇದನ್ನೂ ಲೆಕ್ಕಕ್ಕೆ ಹಿಡಿಯಬೇಕು.

2020ರ ಲಾಕ್‌ಡೌನಿನಲ್ಲಿ ದೇಶದ ಎಲ್ಲ ಕೊಳಗಳ ಹಾಗೆ ಇದೂ ಮುಚ್ಚಿತು. 2021ರ ಅಕ್ಟೋಬರ್‌ನಲ್ಲಿ ಹಿಂದೆ ಬಿದ್ದ ಊರುಗಳನ್ನು ಮೇಲೆತ್ತಲು ಕೇಂದ್ರ ಸರ್ಕಾರ ಇಟ್ಟಿದ್ದ ಲೆವೆಲಿಂಗ್ ಅಪ್ ನಿಧಿಯಿಂದ ಬಾತ್ಸ್ ಮತ್ತು ಪಕ್ಕದ ಗ್ರಂಥಾಲಯ ಎರಡಕ್ಕೂ ಸೇರಿ ಸುಮಾರು 1.55 ಕೋಟಿ ಪೌಂಡ್ ಮಂಜೂರಾಯಿತು. ಒಂದೇ ಮಾತಿನಲ್ಲಿ ಕೊಟ್ಟ ಎರಡು ಕಟ್ಟಡಗಳು ನೂರಮೂವತ್ತು ವರ್ಷದ ಮೇಲೆ ಒಂದೇ ಯೋಜನೆಯೊಳಗೆ ಬಂದವು.

ಇಷ್ಟಾದರೂ ಚಿಂತೆ ತೀರಲಿಲ್ಲ. ಮರುವರ್ಷ ಬ್ರಿಟನ್ನಿನಲ್ಲಿ ಗ್ಯಾಸು, ಕರೆಂಟಿನ ದರ ಸಿಕ್ಕಾಪಟ್ಟೆ ಏರಿತು. ಈಜುಕೊಳ ನಡೆಸುವವರಿಗೆ ಅದಕ್ಕಿಂತ ದೊಡ್ಡ ಹೊಡೆತ ಇಲ್ಲ. 2023ರ ಸೆಪ್ಟೆಂಬರ್‌ನಲ್ಲಿ ಬರ್ಮಿಂಗ್‌ಹ್ಯಾಮ್ ಪಾಲಿಕೆ ಸೆಕ್ಷನ್ 114 ನೋಟಿಸ್ ಹೊರಡಿಸಿತು. ಕಾನೂನಿನಲ್ಲಿ ಕಡ್ಡಾಯವಲ್ಲದ ಹೊಸ ಖರ್ಚು ನಮ್ಮಿಂದ ಆಗದು ಎಂದು ಕೈ ಎತ್ತಿದ ಹಾಗೆ ಅದು. ಸರ್ಕಾರ ಕೊಟ್ಟದ್ದು ಕಟ್ಟುವುದಕ್ಕೆ, ನಡೆಸುವುದಕ್ಕಲ್ಲ. ಚಾವಣಿ, ಪೈಪು, ಗೋಡೆ ಆ ಹಣದಿಂದ ಸರಿಯಾಗಬಹುದು. ಜೀವರಕ್ಷಕರ ಸಂಬಳ, ನೀರು ಕಾಯಿಸುವ ಬಿಲ್ಲು ತಿಂಗಳು ತಿಂಗಳೂ ಬೇರೆ ಕಡೆಯಿಂದಲೇ ಹುಟ್ಟಬೇಕು. ಟಿಕೆಟ್ ದರ ಏರಿಸಿದರೆ ಬಾಲ್ಸಲ್ ಹೀತ್‌ನ ಮನೆಗಳಿಗೆ ಕೈಗೆಟುಕುವುದಿಲ್ಲ. ಸಮಾರಂಭಕ್ಕೆ ಬಾಡಿಗೆ ಕೊಟ್ಟು ತೂಗಿಸೋಣ ಎಂದರೆ ಅಷ್ಟು ಹೊತ್ತು, ಅಷ್ಟು ಜಾಗ ಈಜುವವರ ಕೈತಪ್ಪುತ್ತದೆ. ಟ್ರಸ್ಟಿನವರು ಈಗ ಕೂಡಿ ಕಳೆಯುತ್ತಿರುವುದು ಈ ಲೆಕ್ಕವನ್ನೇ. ಗಾಲಾ ಪೂಲಿಗೆ ಮತ್ತೆ ನೀರು ಬರಬೇಕಾದರೆ ಅದನ್ನು ಕಾಯಿಸುವ ಬಿಲ್ಲೂ ಈ ಲೆಕ್ಕಕ್ಕೆ ಸೇರುತ್ತದೆ.