ಟೈಮ್ ಟರ್ನರ್ ಇದ್ದರೂ ಹ್ಯಾರಿಯ ಅಪ್ಪ ಅಮ್ಮನನ್ನು ಯಾಕೆ ಉಳಿಸಲಿಲ್ಲ?

ಪ್ರಶ್ನೆ: ಹ್ಯಾರಿ ಪಾಟರ್ ಮೂರನೇ ಪುಸ್ತಕದಲ್ಲಿ ಹ್ಯಾರಿಯ ಗೆಳತಿ ಹರ್ಮಯೋನಿ ಹತ್ತಿರ ಕಾಲವನ್ನು ಹಿಂದಕ್ಕೆ ತಿರುಗಿಸುವ ಟೈಮ್ ಟರ್ನರ್ ಇರುತ್ತದೆ. ಅದನ್ನು ಬಳಸಿ ಬಕ್‌ಬೀಕ್ ಎಂಬ ಹಿಪ್ಪೊಗ್ರಿಫ್ ಪ್ರಾಣಿಯನ್ನು ಉಳಿಸುತ್ತಾರೆ. ಹಾಗಿದ್ದರೆ ಇನ್ನೂ ಹಿಂದಕ್ಕೆ ಹೋಗಿ ಹ್ಯಾರಿಯ ಅಪ್ಪ ಅಮ್ಮನನ್ನೇ ಉಳಿಸಬಹುದಿತ್ತು ಅಲ್ವಾ?

ಉತ್ತರ: ಮೊದಲ ಸಲ ಓದಿ ಮುಗಿಸಿದಾಗ ನನಗೂ ಇದೇ ಪ್ರಶ್ನೆ ಬಂದಿತ್ತು. ಸಿಟ್ಟೂ ಬಂದಿತ್ತು. ಎರಡನೇ ಸಲ ಓದಿದಾಗ ಉತ್ತರ ಸಿಕ್ಕಿತು. ಅದು ಒಂದು ಕೊಡಲಿ ಏಟಿನ ಸದ್ದಿನಲ್ಲಿದೆ.

ಮೊದಲು ಆ ಸಾಧನ ಹೇಗಿದೆ ನೋಡೋಣ. ಉದ್ದನೆಯ, ತೀರಾ ತೆಳುವಾದ ಚಿನ್ನದ ಸರ. ಅದರಲ್ಲಿ ಪುಟ್ಟ ಮರಳು ಗಡಿಯಾರ. ಒಂದು ಸುತ್ತು ತಿರುಗಿಸಿದರೆ ಒಂದು ಗಂಟೆ ಹಿಂದಕ್ಕೆ. ಹರ್ಮಯೋನಿಗೆ ಇದನ್ನು ಕೊಡಿಸಿದ್ದು ಪ್ರೊಫೆಸರ್ ಮೆಕ್‌ಗೊನಗಲ್. ಅದೂ ಓದಿಗಾಗಿ ಮಾತ್ರ. ಅವಳ ವೇಳಾಪಟ್ಟಿಯಲ್ಲಿ ಬೆಳಗ್ಗೆ 9 ಗಂಟೆಗೇ ಮೂರು ತರಗತಿ ಇರುತ್ತವೆ. ಮೂರಕ್ಕೂ ಅವಳು ಹಾಜರಾಗುತ್ತಾಳೆ!

ಈಗ ಕೊಡಲಿಯ ವಿಷಯ. ಬಕ್‌ಬೀಕ್‌ಗೆ ಮರಣದಂಡನೆ ಆಗಿದೆ. ಹ್ಯಾರಿ, ಅವನ ಗೆಳೆಯ ರಾನ್, ಹರ್ಮಯೋನಿ ಮೂವರೂ ಬಕ್‌ಬೀಕ್‌ನನ್ನು ಸಾಕಿದ ಹ್ಯಾಗ್ರಿಡ್‌ನ ಗುಡಿಸಲಿನಿಂದ ಹೊರಟು ತಮ್ಮ ಶಾಲೆ ಇರುವ ಕೋಟೆಯ ಕಡೆ ಇಳಿಜಾರು ಹತ್ತುತ್ತಿದ್ದಾರೆ. ಹಿಂದಿನಿಂದ ಕೊಡಲಿ ಬೀಸಿದ ಸದ್ದು, ಆಮೇಲೆ ದಪ್ ಎಂದು ಏಟು ಬಿದ್ದ ಸದ್ದು. ಅದರ ಹಿಂದೆಯೇ ಹ್ಯಾಗ್ರಿಡ್ ಜೋರಾಗಿ ಕೂಗಿದ್ದು ಕೇಳುತ್ತದೆ. ಕಥೆ ಮುಗಿಯಿತು, ಪ್ರಾಣಿ ಸತ್ತಿತು ಅಂತ ಅವರೂ ಅಂದುಕೊಳ್ಳುತ್ತಾರೆ, ನಾವೂ ಅಂದುಕೊಳ್ಳುತ್ತೇವೆ.

ಅದೇ ರಾತ್ರಿ ಹ್ಯಾರಿ ಮತ್ತು ಹರ್ಮಯೋನಿ ಮೂರು ಗಂಟೆ ಹಿಂದಕ್ಕೆ ಬಂದು ಬಕ್‌ಬೀಕ್‌ನ ಹಗ್ಗ ಬಿಚ್ಚಿ ಕಾಡಿನೊಳಗೆ ಎಳೆದುಕೊಂಡು ಹೋಗುತ್ತಾರೆ. ಅಲ್ಲಿಂದ ಅದೇ ಸದ್ದು ಮತ್ತೆ ಕೇಳುತ್ತದೆ. ಪ್ರಾಣಿ ಕಾಣದೆ ಸಿಟ್ಟಿಗೆದ್ದ ಕಟುಕ ಕೊಡಲಿಯನ್ನು ಬೇಲಿಗೆ ಬೀಸಿದ್ದಾನೆ. ಹ್ಯಾಗ್ರಿಡ್ ಕೂಗಿದ್ದು ಖುಷಿಗೆ. ಅಂದರೆ ಬಕ್‌ಬೀಕ್ ಯಾವತ್ತೂ ಸತ್ತೇ ಇರಲಿಲ್ಲ. ಮೊದಲ ಸಲ ಸದ್ದು ಕೇಳಿದಾಗಲೇ ಇನ್ನೊಬ್ಬ ಹ್ಯಾರಿ, ಇನ್ನೊಬ್ಬಳು ಹರ್ಮಯೋನಿ ಮರಗಳ ಮರೆಯಲ್ಲಿ ನಿಂತಿದ್ದರು.

ಪ್ರಶ್ನೆಯ ಗಂಟು ಬಿಚ್ಚುವುದು ಇಲ್ಲೇ. ಟೈಮ್ ಟರ್ನರ್ ನಡೆದುಹೋದದ್ದನ್ನು ಅಳಿಸಲಿಲ್ಲ. ಆ ಸಂಜೆ ನಡೆದದ್ದು ಒಂದೇ ಸಲ, ಒಂದೇ ರೀತಿ. ಮಕ್ಕಳು ಅದನ್ನು ಎರಡು ಕಡೆಯಿಂದ ನೋಡಿದರು, ಅಷ್ಟೇ. ಬಕ್‌ಬೀಕ್ ಸತ್ತದ್ದನ್ನು ಅವರು ಕಣ್ಣಾರೆ ಕಂಡಿರಲಿಲ್ಲ, ಹಾಗಾಗಿ ಅದು ಬದುಕಿರಲು ಜಾಗ ಉಳಿದಿತ್ತು. ಹ್ಯಾರಿಯ ಅಪ್ಪ ಅಮ್ಮ ಜೇಮ್ಸ್ ಮತ್ತು ಲಿಲಿ 1981ರ ಅಕ್ಟೋಬರ್ 31ರ ರಾತ್ರಿ ದುಷ್ಟ ಮಾಂತ್ರಿಕ ವೊಲ್ಡೆಮಾರ್ಟ್‌ನ ಕೈಯಲ್ಲಿ ಸತ್ತರು. ಅವರ ಸಮಾಧಿ ಇದೆ. ಹ್ಯಾರಿ ತಬ್ಬಲಿಯಾಗಿ ಬೆಳೆದಿದ್ದಾನೆ, ಹಣೆಯ ಮೇಲೆ ಗಾಯದ ಗುರುತಿದೆ. ಅಲ್ಲಿ ಅಂಥ ಜಾಗವೇ ಇಲ್ಲ.

ಅದೇ ರಾತ್ರಿಯ ಇನ್ನೊಂದು ಗಳಿಗೆ ನೋಡಿ. ಹ್ಯಾರಿಯ ಅಪ್ಪ ಅಮ್ಮನಿಗೆ ದ್ರೋಹ ಮಾಡಿದ ಪೆಟಿಗ್ರೂ ಇಲಿಯ ರೂಪದಲ್ಲಿ ಹ್ಯಾಗ್ರಿಡ್‌ನ ಗುಡಿಸಲಿನೊಳಗೇ ಇದ್ದಾನೆ. ಓಡಿಹೋಗಿ ಹಿಡಿದುಬಿಡೋಣ ಅಂತ ಹ್ಯಾರಿ ಹೇಳುತ್ತಾನೆ. ಹರ್ಮಯೋನಿ ತಡೆಯುತ್ತಾಳೆ. ನಿನ್ನನ್ನೇ ನೀನು ಎದುರಿಗೆ ಕಂಡರೆ ಏನು ಮಾಡ್ತೀಯ ಅಂತ ಕೇಳುತ್ತಾಳೆ. ಹೀಗೆ ಹೋದವರು ಎದುರಿಗೆ ಕಂಡ ಇನ್ನೊಬ್ಬ ತಮ್ಮನ್ನೇ ಗೊತ್ತಾಗದೆ ಕೊಂದದ್ದೂ ಇದೆಯಂತೆ. ಕೈಗೆಟುಕುವ ದೂರದಲ್ಲಿ ದ್ರೋಹಿ ಇದ್ದಾನೆ, ಮುಟ್ಟುವ ಹಾಗಿಲ್ಲ. ನನಗೆ ಇಡೀ ಅಧ್ಯಾಯದಲ್ಲಿ ಜಾಸ್ತಿ ಸಂಕಟ ಆಗುವುದು ಇದನ್ನು ಓದುವಾಗಲೇ.

ಲೆಕ್ಕವನ್ನೂ ಸ್ವಲ್ಪ ಹಾಕಿ ನೋಡೋಣ. ಈ ಸಂಜೆ ಬರುವುದು 1994ರ ಜೂನ್‌ನಲ್ಲಿ. ಅಲ್ಲಿಂದ 1981ಕ್ಕೆ ಹೋಗಲು 1,10,000ಕ್ಕೂ ಜಾಸ್ತಿ ಸುತ್ತು ತಿರುಗಿಸಬೇಕು. ಸುತ್ತಿಗೆ ಒಂದೇ ಸೆಕೆಂಡ್ ಹಿಡಿದರೂ 30 ಗಂಟೆ. ಜೊತೆಗೆ, ಈ ಸಾಧನ ಹಿಂದಕ್ಕೆ ಮಾತ್ರ ಒಯ್ಯುತ್ತದೆ. ಮೂರು ಗಂಟೆ ಹಿಂದೆ ಹೋದವರು ಆ ಮೂರು ಗಂಟೆಯನ್ನು ಮತ್ತೆ ಬದುಕಿಯೇ ವಾಪಸ್ ಬರಬೇಕು. 1981ಕ್ಕೆ ಹೋದವರು ಹನ್ನೆರಡೂವರೆ ವರ್ಷ ಯಾರ ಕಣ್ಣಿಗೂ ಬೀಳದೆ ಕಳೆಯಬೇಕು.

ಲೇಖಕಿ ಜೆ.ಕೆ. ರೋಲಿಂಗ್ ಆಮೇಲೆ ಬರೆದ ಟಿಪ್ಪಣಿಯೊಂದರಲ್ಲಿ ಮಿತಿಯನ್ನು ಇನ್ನೂ ಬಿಗಿ ಮಾಡಿದ್ದಾರೆ. ಅಪಾಯವಿಲ್ಲದೆ ಹಿಂದೆ ಹೋಗಲು ಆಗುವುದು ಹೆಚ್ಚೆಂದರೆ ಐದು ಗಂಟೆ. 1899ರಲ್ಲಿ ಎಲೋಯಿಸ್ ಮಿಂಟಂಬಲ್ ಎಂಬ ಮಾಟಗಾತಿ 1402ನೇ ಇಸವಿಗೆ ಹೋಗಿ ಐದು ದಿನ ಸಿಕ್ಕಿಹಾಕಿಕೊಂಡಳು. ವಾಪಸ್ ಬಂದಾಗ ಅವಳ ದೇಹಕ್ಕೆ ಐದು ಶತಮಾನ ವಯಸ್ಸಾಗಿತ್ತು, ಉಳಿಯಲಿಲ್ಲ. ಅವಳು ಅಲ್ಲಿ ಭೇಟಿಯಾದವರ ಬದುಕು ದಾರಿ ತಪ್ಪಿ, ಅವರ ವಂಶದ 25 ಜನ ಹುಟ್ಟೇ ಇಲ್ಲದವರಾಗಿ ಮಾಯವಾದರು.

ಇಲ್ಲಿ ಒಂದು ತೊಡಕು ಇದೆ, ಒಪ್ಪಿಕೊಳ್ಳಬೇಕು. ಎಲೋಯಿಸ್ ಕಥೆಯಲ್ಲಿ ನಡೆದದ್ದು ಬದಲಾಗುತ್ತದೆ, ಮೂರನೇ ಪುಸ್ತಕದಲ್ಲಿ ಬದಲಾಗುವುದಿಲ್ಲ. ಎರಡನ್ನೂ ಒಂದೇ ನಿಯಮಕ್ಕೆ ಹೊಂದಿಸಲು ನನಗೆ ಆಗಿಲ್ಲ. ನಾನು ಪುಸ್ತಕದ ಕಡೆಗೇ ನಿಲ್ಲುತ್ತೇನೆ. ಕೊಡಲಿ ಸದ್ದಿನಷ್ಟು ಗಟ್ಟಿಯಾದ ಸಾಕ್ಷಿ ಬೇರೆ ಇಲ್ಲ. ಮುಂದೆ ವೊಲ್ಡೆಮಾರ್ಟ್ ವಾಪಸ್ ಬಂದಾಗಲಾದರೂ ಬಳಸಬಹುದಿತ್ತಲ್ಲ ಎನ್ನುವವರಿಗೆ: ಐದನೇ ಪುಸ್ತಕದ ಕಾಳಗದಲ್ಲಿ ಮಾಂತ್ರಿಕರ ಸಚಿವಾಲಯದ ಟೈಮ್ ಟರ್ನರ್‌ಗಳಿದ್ದ ಬೀರುವೇ ಉರುಳಿ ಒಡೆದುಹೋಗುತ್ತದೆ. ಒಂದೂ ಉಳಿಯಲಿಲ್ಲ ಅಂತ ಆರನೇ ಪುಸ್ತಕದಲ್ಲಿ ಹರ್ಮಯೋನಿಯೇ ಹೇಳುತ್ತಾಳೆ.

2016ರಲ್ಲಿ ಲಂಡನ್‌ನಲ್ಲಿ ರಂಗಕ್ಕೆ ಬಂದ 'ಹ್ಯಾರಿ ಪಾಟರ್ ಅಂಡ್ ದ ಕರ್ಸ್ಡ್ ಚೈಲ್ಡ್' ನಾಟಕದಲ್ಲಿ ಬೇರೆಯೇ ಬಗೆಯ ಟೈಮ್ ಟರ್ನರ್ ಇದೆ. ಅದು ವರ್ಷಗಟ್ಟಲೆ ಹಿಂದಕ್ಕೆ ಹೋಗುತ್ತದೆ, ನಡೆದದ್ದನ್ನೂ ಬದಲಿಸುತ್ತದೆ. ಅದರಲ್ಲಿ ಹ್ಯಾರಿ ಕೊನೆಗೆ ಆ 1981ರ ರಾತ್ರಿಗೇ ಬಂದು ನಿಲ್ಲುತ್ತಾನೆ. ಈಗ ಅವನೂ ಮಕ್ಕಳ ತಂದೆ. ವೊಲ್ಡೆಮಾರ್ಟ್ ಮನೆಯ ಕಡೆ ನಡೆದು ಬರುತ್ತಿದ್ದಾನೆ. ತಡೆಯಲು ಸಾಧ್ಯವಿದೆ, ಆದರೆ ತಡೆದರೆ ಮುಂದಿನದೆಲ್ಲ ಏನಾಗುತ್ತದೋ ಗೊತ್ತಿಲ್ಲ. ಹೆಂಡತಿ ಜಿನ್ನಿ ಅವನ ಕೈ ಹಿಡಿದುಕೊಂಡು, ನೀನು ನೋಡಲೇಬೇಕು ಅಂತೇನಿಲ್ಲ ಅನ್ನುತ್ತಾಳೆ. ಆಗಲು ಬಿಡುತ್ತಿರುವವನು ನಾನೇ, ನೋಡಲೇಬೇಕು ಅನ್ನುತ್ತಾನೆ ಹ್ಯಾರಿ.