ಅಂಕಪಟ್ಟಿಯ ತಕರಾರು: ರಿಟ್ ಅರ್ಜಿಗೆ ಮುನ್ನ ಕೈಯಲ್ಲಿರಬೇಕಾದ ಕಾಗದ

ಎಸ್ಸೆಸ್ಸೆಲ್ಸಿ, ಪಿಯುಸಿ ಫಲಿತಾಂಶ ಪ್ರಕಟವಾದ ವಾರದಲ್ಲಿ ನನ್ನ ವಕೀಲಿ ಕಚೇರಿಗೆ ಬರುವ ಪೋಷಕರು ಕುರ್ಚಿಯಲ್ಲಿ ಕೂರುವ ಮುನ್ನವೇ ಹೈಕೋರ್ಟಿನ ಮಾತೆತ್ತುತ್ತಾರೆ. ಉತ್ತರ ಪತ್ರಿಕೆಯ ಪ್ರತಿ ತರಿಸಿಕೊಂಡಿದ್ದೀರಾ ಎಂದು ನಾನು ಕೇಳಿದರೆ ಹೆಚ್ಚಿನವರು ಇಲ್ಲವೆನ್ನುತ್ತಾರೆ. ಪರೀಕ್ಷಾ ಮಂಡಳಿಯೊಡನೆ ತಕರಾರು ಬಂದಾಗ ವಿದ್ಯಾರ್ಥಿಗಿರುವ ಅತ್ಯಂತ ಗಟ್ಟಿಯಾದ ಹಕ್ಕೆಂದರೆ ತನ್ನ ಕಾಗದವನ್ನು ಕಣ್ಣಾರೆ ನೋಡುವ ಹಕ್ಕು. ಮಿಕ್ಕ ವಾದವೆಲ್ಲ ಅದರ ಮೇಲೆಯೇ ನಿಲ್ಲಬೇಕು.

ಈ ಹಕ್ಕನ್ನು ಸುಪ್ರೀಂ ಕೋರ್ಟ್ 2011ರ ಆಗಸ್ಟ್‌ನಲ್ಲಿ, ಸಿಬಿಎಸ್‌ಇ ವಿರುದ್ಧ ಆದಿತ್ಯ ಬಂದೋಪಾಧ್ಯಾಯ ಪ್ರಕರಣದಲ್ಲಿ ಸ್ಪಷ್ಟಪಡಿಸಿತು. ಮೌಲ್ಯಮಾಪನಗೊಂಡ ಉತ್ತರ ಪತ್ರಿಕೆಯು ಮಾಹಿತಿ ಹಕ್ಕು ಕಾಯ್ದೆಯ ಅರ್ಥದಲ್ಲಿ 'ಮಾಹಿತಿ'ಯೇ ಆಗಿದ್ದು, ಮೌಲ್ಯಮಾಪಕರ ಗುರುತನ್ನು ಮರೆಮಾಡಿ ಅದನ್ನು ವಿದ್ಯಾರ್ಥಿಗೆ ತೋರಿಸಬೇಕು, ಪ್ರತಿ ಕೊಡಬೇಕು ಎಂದು ನ್ಯಾಯಾಲಯ ಹೇಳಿತು. ಆದರೆ ಮಂಡಳಿಯು ಪತ್ರಿಕೆಗಳನ್ನು ಕಾಯ್ದಿಡುವ ಅವಧಿ ಮುಗಿದರೆ ಈ ಹಕ್ಕೂ ಮುಗಿಯುತ್ತದೆ; ಆ ಪ್ರಕರಣದಲ್ಲಿ ಸಿಬಿಎಸ್‌ಇ ಹೇಳಿದ್ದ ಅವಧಿ ಕೇವಲ ಮೂರು ತಿಂಗಳು. ಇನ್ನೊಂದು ತೊಡಕೂ ಇದೆ. ಮಾಹಿತಿ ಹಕ್ಕಿನಡಿ ಉತ್ತರಿಸಲು ಅಧಿಕಾರಿಗೆ 30 ದಿನಗಳ ಅವಕಾಶವಿರುವುದರಿಂದ, ಅಷ್ಟರಲ್ಲಿ ಮಂಡಳಿಯ ಮರುಮೌಲ್ಯಮಾಪನದ ಕೊನೆಯ ದಿನಾಂಕ ದಾಟಿ ಹೋಗಿರುತ್ತದೆ. ಆದ್ದರಿಂದ ಶುಲ್ಕ ಹೆಚ್ಚೆನಿಸಿದರೂ ಮೊದಲು ಮಂಡಳಿಯ ನಿಯಮದಂತೆಯೇ ಸ್ಕ್ಯಾನ್ ಪ್ರತಿಗೆ ಅರ್ಜಿ ಹಾಕುವುದು ಲೇಸು.

ಪ್ರತಿ ಕೈಗೆ ಬಂದ ಮೇಲೆ ಏನನ್ನು ನೋಡಬೇಕು? ಒಬ್ಬ ವಿದ್ಯಾರ್ಥಿನಿಯ ಪತ್ರಿಕೆಯ ಒಳಪುಟದಲ್ಲಿ ನಾಲ್ಕು ಅಂಕದ ಪ್ರಶ್ನೆಗೆ ಕೆಂಪು ಶಾಯಿಯಲ್ಲಿ ಪೂರ್ತಿ ನಾಲ್ಕು ಬಿದ್ದಿತ್ತು. ಮುಖಪುಟದ ಕೋಷ್ಟಕದಲ್ಲಿ ಅದೇ ಪ್ರಶ್ನೆಯ ಮನೆ ಖಾಲಿಯಾಗಿತ್ತು. ಅದಕ್ಕೆ ನ್ಯಾಯಾಲಯ ಬೇಕಾಗಲಿಲ್ಲ, ಎರಡೂ ಪುಟಗಳನ್ನು ಲಗತ್ತಿಸಿದ ಒಂದು ಮನವಿ ಸಾಕಾಯಿತು. ಪ್ರಬಂಧಕ್ಕೆ ಇನ್ನೆರಡು ಅಂಕ ಕೊಡಬೇಕಿತ್ತೆಂಬ ಅಹವಾಲಿನ ಗತಿ ಬೇರೆ. ನಿಯಮದಲ್ಲಿ ಅವಕಾಶವಿಲ್ಲದಿದ್ದರೆ ಮರುಮೌಲ್ಯಮಾಪನವನ್ನು ಹಕ್ಕಾಗಿ ಕೇಳಲಾಗದೆಂದು ಮಹಾರಾಷ್ಟ್ರ ಮಂಡಳಿಯ ಪ್ರಕರಣದಲ್ಲಿ 1984ರಲ್ಲೇ ತೀರ್ಮಾನವಾಗಿದೆ. ಊಹೆ, ತರ್ಕಗಳ ನೆರವಿಲ್ಲದೆ ಕಣ್ಣಿಗೆ ರಾಚುವಂಥ ತಪ್ಪಿದ್ದ ಅಪರೂಪದ ಸಂದರ್ಭಗಳಲ್ಲಿ ಮಾತ್ರ ನ್ಯಾಯಾಲಯ ಕೈಹಾಕಬಹುದೆಂದು ರಣ್ ವಿಜಯ್ ಸಿಂಗ್ ಪ್ರಕರಣದ ತೀರ್ಪು (2017) ಹೇಳುತ್ತದೆ. ಗ್ರಾಹಕರ ವೇದಿಕೆಗೆ ಹೋಗುತ್ತೇವೆನ್ನುವವರಿಗೆ ಆ ಬಾಗಿಲು ಮುಚ್ಚಿದೆ ಎನ್ನದೆ ವಿಧಿಯಿಲ್ಲ: ಪರೀಕ್ಷೆ ನಡೆಸುವ ಮಂಡಳಿ 'ಸೇವೆ' ಮಾರುವುದಿಲ್ಲವೆಂದು ಬಿಹಾರದ ಪ್ರಕರಣದಲ್ಲಿ 2009ರಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ.

ಹೆಸರು, ಜನ್ಮದಿನಾಂಕದ ತಪ್ಪುಗಳಲ್ಲಿ ವಿದ್ಯಾರ್ಥಿಯ ಸ್ಥಿತಿ ಇದಕ್ಕಿಂತ ಮೇಲು. ಜಿಗ್ಯಾ ಯಾದವ್ ಪ್ರಕರಣದ ತೀರ್ಪು (2021) ಹೆಸರನ್ನು ಸಂವಿಧಾನದ 19(1)(ಎ) ವಿಧಿಯಡಿ ವ್ಯಕ್ತಿಯ ಅಭಿವ್ಯಕ್ತಿಯ ಭಾಗವೆಂದು ಕಂಡು, ತಿದ್ದುಪಡಿ ಮತ್ತು ಬದಲಾವಣೆಗಳನ್ನು ಬೇರ್ಪಡಿಸಿತು. ಶಾಲೆಯ ದಾಖಲೆಗೆ ಅಂಕಪಟ್ಟಿ ಹೊಂದದಿದ್ದರೆ ಅದು ತಿದ್ದುಪಡಿ. ಶಾಲೆಯ ದಾಖಲೆಯೇ ಬೇರೆಯಿದ್ದು ಜನನ ಪ್ರಮಾಣಪತ್ರದಂಥ ಸಾರ್ವಜನಿಕ ದಾಖಲೆಯನ್ನು ಆಧರಿಸಿ ಕೇಳಿದರೆ ಅದು ಬದಲಾವಣೆ. ತೀರ್ಪು ಸಿಬಿಎಸ್‌ಇ ಉಪವಿಧಿಗಳನ್ನು ಕುರಿತದ್ದಾದರೂ ಅದರ ತರ್ಕವನ್ನು ರಾಜ್ಯ ಮಂಡಳಿಗಳ ಮುಂದೆಯೂ ಧಾರಾಳವಾಗಿ ಮಂಡಿಸಬಹುದೆಂಬುದು ನನ್ನ ಅಭಿಪ್ರಾಯ. ಹಾಗಾಗಿ ತಂದೆಯ ಹೆಸರಿನಲ್ಲಿ 'ಶಿವಪ್ಪ' ಹೋಗಿ 'ಶಿವಣ್ಣ' ಬಂದಿದ್ದರೆ, ಮೊದಲು ಬೇಕಾಗುವುದು ಮುಖ್ಯೋಪಾಧ್ಯಾಯರು ದೃಢೀಕರಿಸಿದ ಶಾಲಾ ದಾಖಲಾತಿ ರಿಜಿಸ್ಟರಿನ ಆ ಪುಟದ ಪ್ರತಿ.

ಮಂಡಳಿ ಉತ್ತರಿಸದೆ ಕೂತರೆ ಹೈಕೋರ್ಟಿಗೆ ರಿಟ್ ಅರ್ಜಿ ಹಾಕಲು ಸಂವಿಧಾನದ 226ನೇ ವಿಧಿ ಇದ್ದೇ ಇದೆ. ಮಂಡಳಿಗೆ ಕೊಟ್ಟ ಅರ್ಜಿ ಮತ್ತು ಮೊಹರು ಬಿದ್ದ ಸ್ವೀಕೃತಿ ಕಡತದಲ್ಲಿ ಇಲ್ಲದಿದ್ದರೆ ಮಾತ್ರ, ಮೊದಲು ಮಂಡಳಿಗೇ ಮನವಿ ಸಲ್ಲಿಸಿ ಎಂದು ಹೇಳಿಸಿಕೊಂಡು ಹಿಂದಿರುಗಬೇಕಾಗುತ್ತದೆ. ಅಷ್ಟರಲ್ಲಿ ಕಾಲೇಜು ಪ್ರವೇಶದ ಎರಡು ಸುತ್ತು ಮುಗಿದಿರುತ್ತವೆ.