ಸೋತ ಕೇಸು, ಬದಲಾದ ಕಾನೂನು: ಥಾಮಸ್ ಬರ್ಜರ್ ಮತ್ತು ಕೆನಡಾದ ಮೂಲನಿವಾಸಿಗಳ ನೆಲ

ಕೆನಡಾದಲ್ಲಿ 1927ರಿಂದ 1951ರವರೆಗೆ ಒಂದು ಕಾನೂನಿತ್ತು. ಮೂಲನಿವಾಸಿಗಳ ಭೂಮಿ ಹಕ್ಕಿನ ಕೇಸು ನಡೆಸುವುದಕ್ಕೆ ಅಂತ ಸರ್ಕಾರದ ಅನುಮತಿ ಇಲ್ಲದೆ ಅವರಿಂದ ಯಾರೂ ಹಣ ಎತ್ತುವಂತಿರಲಿಲ್ಲ. ಎತ್ತಿದರೆ ಅಪರಾಧ. ನೆಲ ಕಳೆದುಕೊಂಡವರು ವಕೀಲರನ್ನು ಇಟ್ಟುಕೊಳ್ಳುವ ದಾರಿಯೇ ಇದರಿಂದ ಮುಚ್ಚಿಹೋಯಿತು.

ಆ ಕಾನೂನು ಹೋದ ಐದಾರು ವರ್ಷಕ್ಕೆ ವ್ಯಾಂಕೂವರ್‌ನಲ್ಲಿ ಥಾಮಸ್ ಬರ್ಜರ್ ಎಂಬ ಯುವಕ ವಕೀಲಿ ಶುರು ಮಾಡಿದರು. 1933ರಲ್ಲಿ ವಿಕ್ಟೋರಿಯಾದಲ್ಲಿ ಹುಟ್ಟಿದವರು, ಪೊಲೀಸ್ ಅಧಿಕಾರಿಯ ಮಗ. ಮುಂದೆ ಸಂಸದರಾದರು, ಪಕ್ಷದ ನಾಯಕರಾದರು, ನ್ಯಾಯಾಧೀಶರಾದರು, ಆ ಕುರ್ಚಿ ಬಿಟ್ಟು ಮತ್ತೆ ವಕೀಲರಾದರು. ಕೆನಡಾದಲ್ಲಿ ‘ಈ ನೆಲ ಯಾರದು’ ಅನ್ನುವ ಪ್ರಶ್ನೆ ಅರವತ್ತು ವರ್ಷದಲ್ಲಿ ಎಲ್ಲಿಂದ ಎಲ್ಲಿಗೆ ಬಂತು ಅಂತ ತಿಳಿಯಬೇಕಾದರೆ ಇವರ ಬದುಕನ್ನು ಹಿಡಿದು ಹೋಗಬಹುದು. ದೊಡ್ಡ ತಿರುವುಗಳಲ್ಲಿ ಹಲವು ಕಡೆ ಇವರಿದ್ದರು. ಅಲ್ಲಿ ಇವರು ಸೋತದ್ದೂ ಕಡಿಮೆಯಲ್ಲ.

ಮೊದಲ ದೊಡ್ಡ ಕೇಸು ಆರು ಜಿಂಕೆಗಳದ್ದು. ವ್ಯಾಂಕೂವರ್ ದ್ವೀಪದ ನನೈಮೊ ಊರಿನ ಇಬ್ಬರು ಮೂಲನಿವಾಸಿಗಳು, ಕ್ಲಿಫರ್ಡ್ ವೈಟ್ ಮತ್ತು ಡೇವಿಡ್ ಬಾಬ್, 1963ರಲ್ಲಿ ಪರವಾನಗಿ ಇಲ್ಲದೆ ಜಿಂಕೆ ಹೊಡೆದು ಸಿಕ್ಕಿಬಿದ್ದರು. ಬರ್ಜರ್ ಅವರ ವಾದ ಸರಳವಾಗಿತ್ತು. 1854ರಲ್ಲಿ ಗವರ್ನರ್ ಜೇಮ್ಸ್ ಡಗ್ಲಸ್ ಇವರ ಹಿರಿಯರಿಂದ ನೆಲ ತೆಗೆದುಕೊಂಡಾಗ ಒಪ್ಪಂದ ಆಗಿದೆ, ಅದರ ಪ್ರಕಾರ ಬೇಟೆಯ ಹಕ್ಕು ಇವರದೇ ಅಂತ. ನೂರು ವರ್ಷ ಯಾರೂ ಲೆಕ್ಕಕ್ಕೆ ಇಟ್ಟುಕೊಳ್ಳದ ಆ ಹಳೇ ಕಾಗದವನ್ನು ಕೋರ್ಟು ನಿಜವಾದ ಒಪ್ಪಂದ ಅಂತ ಒಪ್ಪಿತು. 1965ರಲ್ಲಿ ಕೆನಡಾದ ಸುಪ್ರೀಂ ಕೋರ್ಟೂ ಅದನ್ನೇ ಎತ್ತಿಹಿಡಿಯಿತು.

ರಾಜಕೀಯ ಮಾತ್ರ ಕೈಹಿಡಿಯಲಿಲ್ಲ. 1962ರಲ್ಲಿ ನ್ಯೂ ಡೆಮಾಕ್ರಟಿಕ್ ಪಾರ್ಟಿಯಿಂದ ಸಂಸದರಾದರು, ಮರುವರ್ಷವೇ ಸೋತರು. 1966ರಲ್ಲಿ ಬ್ರಿಟಿಷ್ ಕೊಲಂಬಿಯಾ ಪ್ರಾಂತ್ಯದ ಶಾಸಕರಾದರು. 1969ರಲ್ಲಿ ಅಲ್ಲಿ ಪಕ್ಷದ ನಾಯಕತ್ವ ಸಿಕ್ಕಿತು. ಅದೇ ವರ್ಷದ ಚುನಾವಣೆಯಲ್ಲಿ ಪಕ್ಷವೂ ಸೋತಿತು, ಸ್ವಂತ ಕ್ಷೇತ್ರವೂ ಹೋಯಿತು.

ಇತ್ತ ನಿಸ್ಗಾ ಜನರ ಕೇಸು ಕೋರ್ಟಿನಲ್ಲಿತ್ತು. ನಿಸ್ಗಾ ಅಂದರೆ ಬ್ರಿಟಿಷ್ ಕೊಲಂಬಿಯಾದ ವಾಯವ್ಯಕ್ಕೆ, ನಾಸ್ ನದಿಯ ಕಣಿವೆಯಲ್ಲಿ ಬಾಳುವ ಜನ. ಇವರು ಒಪ್ಪಂದಕ್ಕೆ ಸಹಿ ಹಾಕಿರಲಿಲ್ಲ, ಯುದ್ಧದಲ್ಲಿ ಸೋತಿರಲಿಲ್ಲ. ಸುಮ್ನೆ ಒಂದು ದಿನ ಇವರ ನೆಲ ಸರ್ಕಾರದ್ದು ಅಂತ ಆಗಿಬಿಟ್ಟಿತ್ತು. 1887ರಲ್ಲಿ ಇವರ ಮುಖಂಡರು ಪ್ರಾಂತ್ಯದ ರಾಜಧಾನಿ ವಿಕ್ಟೋರಿಯಾಕ್ಕೆ ಹೋಗಿ ಕೇಳಿದರು, ಬರಿಗೈಲಿ ಬಂದರು. 1913ರಲ್ಲಿ ಲಂಡನ್ನಿನ ಪ್ರಿವಿ ಕೌನ್ಸಿಲ್‌ಗೆ, ಅಂದರೆ ಆಗ ಬ್ರಿಟಿಷ್ ಸಾಮ್ರಾಜ್ಯದ ಕೊನೆಯ ಮೇಲ್ಮನವಿ ಕೋರ್ಟಿಗೆ, ಅರ್ಜಿ ಹೋಯಿತು. ಅದೂ ಫಲ ಕೊಡಲಿಲ್ಲ. ಆಮೇಲೆ ಬಂದದ್ದೇ 1927ರ ನಿಷೇಧ.

1967ರಲ್ಲಿ ನಿಸ್ಗಾ ಸಮುದಾಯದ ಫ್ರಾಂಕ್ ಕಾಲ್ಡರ್ ಮತ್ತು ಇತರರು ಬರ್ಜರ್ ಮೂಲಕ ದಾವೆ ಹೂಡಿದರು. ಕಾಲ್ಡರ್ 1949ರಿಂದಲೇ ಪ್ರಾಂತ್ಯದ ಶಾಸನಸಭೆಗೆ ಆಯ್ಕೆಯಾಗಿದ್ದವರು. ಅವರು ಪರಿಹಾರ ಕೇಳಲಿಲ್ಲ. ‘ನಮ್ಮ ನೆಲದ ಮೇಲಿನ ಹಕ್ಕನ್ನು ಯಾರೂ ಕಾನೂನು ಪ್ರಕಾರ ರದ್ದು ಮಾಡಿಲ್ಲ ಅಂತ ಹೇಳಿ, ಅಷ್ಟು ಸಾಕು’ ಅಂತ ಕೇಳಿದರು. ಕೆಳಗಿನ ಕೋರ್ಟಿನಲ್ಲಿ ಸೋತರು. ಮೇಲ್ಮನವಿಯಲ್ಲೂ ಸೋತರು. ಅಲ್ಲಿ ಮುಖ್ಯ ನ್ಯಾಯಮೂರ್ತಿಗಳು, ಬಿಳಿಯರು ಬಂದ ಕಾಲಕ್ಕೆ ಈ ಜನ ತೀರಾ ಹಿಂದುಳಿದಿದ್ದರು, ಇವರಿಗೆ ಸ್ವಂತ ಆಸ್ತಿಯ ಕಲ್ಪನೆಯೇ ಇರಲಿಲ್ಲ ಅನ್ನುವ ಅರ್ಥದಲ್ಲಿ ಬರೆದರು. ಯಾವ ಹೊಳೆ, ಯಾವ ಬೆಟ್ಟ ಯಾವ ಮನೆತನದ್ದು ಅಂತ ತಲೆತಲಾಂತರದಿಂದ ಹೇಳಿಕೊಂಡು ಬಂದ ಜನರ ಬಗ್ಗೆ ಬರೆದ ಮಾತು ಇದು. ಓದಿದರೆ ಈಗಲೂ ಸಿಟ್ಟು ಬರುತ್ತದೆ.

ಸುಪ್ರೀಂ ಕೋರ್ಟಿನಲ್ಲಿ ಬರ್ಜರ್ ವಾದಿಸಿದ್ದು 1971ರ ನವೆಂಬರ್‌ನಲ್ಲಿ. ತೀರ್ಪು ಬಂದದ್ದು 1973ರ ಜನವರಿ 31ಕ್ಕೆ. ಏಳು ನ್ಯಾಯಮೂರ್ತಿಗಳಲ್ಲಿ ಮೂವರು ‘ಹಕ್ಕು ಇತ್ತು, ಆದರೆ ಈಗ ಇಲ್ಲ’ ಅಂದರು. ಮೂವರು ‘ಇತ್ತು, ಈಗಲೂ ಇದೆ’ ಅಂದರು. ಏಳನೆಯವರು ಹಕ್ಕಿನ ಗೋಜಿಗೇ ಹೋಗಲಿಲ್ಲ. ಸರ್ಕಾರದ ಮೇಲೆ ದಾವೆ ಹಾಕುವ ಮೊದಲು ಅನುಮತಿ ಪಡೆದಿಲ್ಲ ಅಂತ ಕೇಸನ್ನು ತಳ್ಳಿಹಾಕಿದರು. ನಾಲ್ಕು-ಮೂರರಲ್ಲಿ ನಿಸ್ಗಾ ಸೋತರು.

ಆದರೆ ಲೆಕ್ಕ ಇನ್ನೊಮ್ಮೆ ನೋಡಿ. ಏಳರಲ್ಲಿ ಆರು ಮಂದಿ, ಬಿಳಿಯರು ಬರುವ ಮೊದಲೇ ಈ ನೆಲದ ಮೇಲೆ ಇವರಿಗೆ ಕಾನೂನು ಒಪ್ಪುವ ಹಕ್ಕಿತ್ತು ಅಂತ ಬರೆದುಕೊಟ್ಟಿದ್ದರು. ಯಾರೋ ರಾಜರು ದಯಪಾಲಿಸಿದ ಹಕ್ಕಲ್ಲ ಅದು, ಬಾಳಿ ಬದುಕಿದ್ದರಿಂದಲೇ ಬಂದದ್ದು. ಪ್ರಧಾನಿ ಪಿಯರ್ ಟ್ರುಡೊ 1969ರಲ್ಲಿ ಇಂಥ ಹಕ್ಕನ್ನು ಒಪ್ಪುವ ಮಾತೇ ಇಲ್ಲ ಅಂದಿದ್ದರು. ತೀರ್ಪಿನ ನಂತರ, ನಾವು ಅಂದುಕೊಂಡಿದ್ದಕ್ಕಿಂತ ಜಾಸ್ತಿ ಹಕ್ಕು ನಿಮಗಿರಬಹುದು ಅಂತ ಅವರೇ ಹೇಳಬೇಕಾಯಿತು. 1973ರ ಆಗಸ್ಟ್‌ನಲ್ಲಿ ಕೇಂದ್ರ ಸರ್ಕಾರ ಭೂಮಿ ಹಕ್ಕಿನ ಮಾತುಕತೆಗೆ ಸಿದ್ಧ ಅಂತ ಘೋಷಿಸಿತು.

ಆ ಹೊತ್ತಿಗೆ ಬರ್ಜರ್ ವಕೀಲರಾಗಿರಲಿಲ್ಲ. 1971ರಲ್ಲೇ, 38ನೇ ವಯಸ್ಸಿಗೆ, ಬ್ರಿಟಿಷ್ ಕೊಲಂಬಿಯಾದ ಸುಪ್ರೀಂ ಕೋರ್ಟಿಗೆ ನ್ಯಾಯಾಧೀಶರಾಗಿ ನೇಮಕವಾಗಿದ್ದರು. ಹೆಸರು ಹಾಗಿದ್ದರೂ ಅದು ಪ್ರಾಂತ್ಯದ ಕೋರ್ಟು, ಹೆಚ್ಚುಕಡಿಮೆ ನಮ್ಮ ಹೈಕೋರ್ಟಿನಂಥದ್ದು.

ಇವರ ಹೆಸರು ಮನೆಮಾತಾದದ್ದು ಮಾತ್ರ ಕೋರ್ಟಿನ ಹೊರಗೆ. 1968ರಲ್ಲಿ ಅಲಾಸ್ಕಾದ ಪ್ರೂಡೋ ಬೇಯಲ್ಲಿ ದೊಡ್ಡ ತೈಲ ಮತ್ತು ಅನಿಲ ನಿಕ್ಷೇಪ ಸಿಕ್ಕಿತ್ತು. ಆ ಅನಿಲವನ್ನು ಪಕ್ಕದ ಕೆನಡಾದ ಯುಕಾನ್ ಪ್ರದೇಶದ ಉತ್ತರ ಕರಾವಳಿ ದಾಟಿಸಿ, ಮೆಕೆಂಝಿ ನದಿಯ ಕಣಿವೆಗುಂಟ ದಕ್ಷಿಣಕ್ಕೆ ತರಲು ಆರ್ಕ್ಟಿಕ್ ಗ್ಯಾಸ್ ಎಂಬ ಕಂಪನಿಗಳ ಕೂಟ ಪೈಪ್‌ಲೈನ್ ಯೋಜನೆ ಹಾಕಿತು. ಇದರ ಪರಿಣಾಮ ಏನಾಗಬಹುದು ಅಂತ ನೋಡಲು 1974ರ ಮಾರ್ಚ್‌ನಲ್ಲಿ ಸರ್ಕಾರ ಬರ್ಜರ್ ಅವರನ್ನು ನೇಮಿಸಿತು. ಬೇಗ ಮುಗಿಯುವ ವಿಚಾರಣೆ ಅಂತ ಹಲವರು ಅಂದುಕೊಂಡಿದ್ದರು.

ಅವರು ಮೂರು ವರ್ಷ ತೆಗೆದುಕೊಂಡರು. ತಜ್ಞರ ಸಾಕ್ಷ್ಯಕ್ಕೆ ಯೆಲ್ಲೋನೈಫ್ ಪಟ್ಟಣದಲ್ಲಿ ಕೂತರು. ಅಷ್ಟಕ್ಕೇ ಬಿಡದೆ 35 ಊರುಗಳಿಗೆ ತಾವೇ ಹೋದರು. ಊರಿನ ಸಭಾಂಗಣ, ಮರದ ದಿಮ್ಮಿಯ ಮನೆ, ಮೀನು ಹಿಡಿಯುವವರ ಬಿಡಾರ, ಎಲ್ಲಿ ಜನ ಸೇರುತ್ತಾರೋ ಅಲ್ಲೇ ವಿಚಾರಣೆ. ನೀವು ಹೇಳುವಷ್ಟು ಹೇಳಿ, ನಾನು ಕೇಳುತ್ತೇನೆ ಅನ್ನುವ ರೀತಿ. ಬೇಟೆಗಾರರು ತಾವು ಓಡಾಡುವ ದಾರಿಗಳನ್ನು ನಕ್ಷೆಯ ಮೇಲೆ ಗೆರೆ ಎಳೆದು ತೋರಿಸಿದರು. ಅಜ್ಜಿಯರು ತಮ್ಮ ಭಾಷೆಯಲ್ಲೇ ಮಾತಾಡಿದರು, ದುಭಾಷಿಗಳು ಕೂತು ತಿಳಿಸಿದರು. ಕೆನಡಾದ ರೇಡಿಯೋ ಸಂಸ್ಥೆ ಸಿಬಿಸಿ ಇದನ್ನು ಇಂಗ್ಲಿಷಿನ ಜೊತೆಗೆ ಉತ್ತರದ ಮೂಲನಿವಾಸಿ ಭಾಷೆಗಳಲ್ಲೂ ಪ್ರತಿ ಸಂಜೆ ಬಿತ್ತರಿಸಿತು. ಹಾಗಾಗಿ ನೂರಾರು ಮೈಲಿ ದೂರದ ಊರಿನಲ್ಲಿ ಯಾರು ಏನು ಹೇಳಿದರು ಅಂತ ಎಲ್ಲರಿಗೂ ಗೊತ್ತಾಗುತ್ತಿತ್ತು. ನನ್ನ ಮಟ್ಟಿಗೆ ಈ ವಿಚಾರಣೆಯ ದೊಡ್ಡ ಕೆಲಸ ಇದೇ. ಒಂದೊಂದು ಊರು ಒಂಟಿಯಾಗಿ ಹೆದರಿ ಕೂತಿದ್ದು ಹೋಗಿ, ಇಡೀ ಉತ್ತರ ಒಟ್ಟಿಗೆ ಮಾತಾಡತೊಡಗಿತು.

1975ರ ಆಗಸ್ಟ್ 5ರಂದು ಫೋರ್ಟ್ ಗುಡ್ ಹೋಪ್ ಊರಿನ ಸಭೆಯಲ್ಲಿ, ಪೈಪ್‌ಲೈನಿಗಾಗಿ ಆರ್ಕ್ಟಿಕ್ ಗ್ಯಾಸ್ ಜೊತೆ ಪೈಪೋಟಿ ನಡೆಸಿದ್ದ ಫುಟ್‌ಹಿಲ್ಸ್ ಕಂಪನಿಯ ಅಧ್ಯಕ್ಷ ಬಾಬ್ ಬ್ಲೇರ್ ಖುದ್ದಾಗಿ ಕೂತಿದ್ದರು. ಡೆನೆ ಸಮುದಾಯದ ಯುವ ಮುಖಂಡ ಫ್ರಾಂಕ್ ಟ್ಸೆಲೈ ಅವರತ್ತಲೇ ತಿರುಗಿ, ನೀವು ಇಪ್ಪತ್ತನೇ ಶತಮಾನದ ಜನರಲ್ ಕಸ್ಟರ್ ಅಂದರು. ಕಸ್ಟರ್ ಅಮೆರಿಕದಲ್ಲಿ ಮೂಲನಿವಾಸಿಗಳ ಮೇಲೆ ದಂಡೆತ್ತಿ ಹೋದ ಸೇನಾಧಿಕಾರಿ. ಇನ್ನೂ ಹುಟ್ಟದ ಮಗುವಿಗೋಸ್ಕರ ನಮ್ಮ ಜನ ಈ ಪೈಪ್‌ಲೈನ್ ತಡೆಯುತ್ತಾರೆ ಅಂತಲೂ ಟ್ಸೆಲೈ ಹೇಳಿದರು. ಕಂಪನಿಯ ಮುಖ್ಯಸ್ಥರನ್ನು ಎದುರಿಗೆ ಕೂರಿಸಿ, ನ್ಯಾಯಾಧೀಶರ ಮುಂದೆ, ರೇಡಿಯೋ ಕೇಳುತ್ತಿರುವಾಗ ಹೀಗೆ ಮಾತಾಡುವ ಅವಕಾಶ ಆ ಜನಕ್ಕೆ ಅದುವರೆಗೆ ಎಲ್ಲಿತ್ತು?

ಸಾವಿರದಷ್ಟು ಜನ ಊರೂರುಗಳಲ್ಲಿ ಸಾಕ್ಷಿ ಹೇಳಿದರು. ಸಾಕ್ಷ್ಯದ ಕಡತ 40,000 ಪುಟ ದಾಟಿತು. ವರದಿ 1977ರ ಮೇ 9ರಂದು ಸಂಸತ್ತಿನ ಮುಂದೆ ಬಂತು. ಯುಕಾನ್‌ನ ಉತ್ತರದಲ್ಲಿ ಪೈಪ್‌ಲೈನ್ ಎಂದಿಗೂ ಬೇಡ ಅಂದರು ಬರ್ಜರ್. ಪೋರ್ಕ್ಯುಪೈನ್ ಅನ್ನುವ ಹೆಸರಿನ ಹಿಂಡಿನ ಲಕ್ಷಕ್ಕೂ ಹೆಚ್ಚು ಕ್ಯಾರಿಬೂ ಜಿಂಕೆಗಳು ಮರಿ ಹಾಕುವ ಜಾಗ ಆ ಕರಾವಳಿಯಲ್ಲಿದೆ. ಮೆಕೆಂಝಿ ಕಣಿವೆಯ ಬಗ್ಗೆ ಅವರ ಮಾತೇ ಬೇರೆ. ಅಲ್ಲಿ ಪೈಪ್‌ಲೈನ್ ಆಗಬಾರದು ಅಂತ ಅವರು ಹೇಳಲಿಲ್ಲ. ಹತ್ತು ವರ್ಷ ತಡೆಯಿರಿ, ಮೊದಲು ಭೂಮಿ ಹಕ್ಕು ಇತ್ಯರ್ಥ ಮಾಡಿ ಅಂದರು. ಬಹಳ ಮಂದಿ ಈ ವರದಿಯನ್ನು ಅಭಿವೃದ್ಧಿ ವಿರೋಧಿ ಅಂತ ಕರೆದರು. ಅದು ಸರಿಯಲ್ಲ. ನೆಲ ಯಾರದು ಅಂತ ತೀರ್ಮಾನ ಆಗಲಿ, ಆಮೇಲೆ ಅದರ ಒಡೆಯರ ಜೊತೆ ಯೋಜನೆ ಮಾತಾಡಿ ಅನ್ನುವುದೇ ಆ ವರದಿಯ ತಿರುಳು.

ನಂತರ ಆದದ್ದೂ ಹಾಗೇ. 1984ರಲ್ಲಿ ಇನುವಿಯಾಲುಯಿಟ್ ಜನರ ಜೊತೆ ಒಪ್ಪಂದವಾಯಿತು, ಅದರಿಂದಲೇ ಯುಕಾನ್‌ನ ಉತ್ತರ ಕರಾವಳಿಯಲ್ಲಿ ರಾಷ್ಟ್ರೀಯ ಉದ್ಯಾನ ಬಂತು. 1992ರಲ್ಲಿ ಗ್ವಿಚಿನ್, 1993ರಲ್ಲಿ ಸಾಹ್ಟು ಜನರ ಒಪ್ಪಂದಗಳಾದವು. 2000ದ ಹೊತ್ತಿಗೆ ಮೂಲನಿವಾಸಿಗಳೇ ಹೊಸ ಪೈಪ್‌ಲೈನಿನಲ್ಲಿ ಪಾಲು ಕೇಳಿ ತಮ್ಮದೇ ಕೂಟ ಕಟ್ಟಿದರು. ಮನಸ್ಸು ಬದಲಾಯಿತು ಅಂತ ಅವರನ್ನು ಚುಚ್ಚುವವರಿದ್ದಾರೆ. ಬೇಡ ಅನ್ನುವ ಹಕ್ಕು ಇರುವವರಿಗೆ ಬೇಕು ಅನ್ನುವ ಹಕ್ಕೂ ಇರುತ್ತದೆ, ಅಲ್ವಾ?

1981ರ ನವೆಂಬರ್ 5. ಕೆನಡಾದ ಹೊಸ ಸಂವಿಧಾನಕ್ಕೆ ಕೇಂದ್ರ ಮತ್ತು ಒಂಬತ್ತು ಪ್ರಾಂತ್ಯಗಳು ರಾಜಿ ಮಾಡಿಕೊಂಡವು. ಆ ರಾಜಿಯಲ್ಲಿ ಮೂಲನಿವಾಸಿಗಳ ಹಕ್ಕಿನ ವಿಧಿಯನ್ನೇ ಕೈಬಿಟ್ಟರು. ಹತ್ತನೇ ಪ್ರಾಂತ್ಯ ಕ್ವಿಬೆಕ್ ರಾಜಿಯಿಂದ ಹೊರಗುಳಿಯಿತು. ಬರ್ಜರ್ ಆಗಲೂ ನ್ಯಾಯಾಧೀಶರು. ಆದರೂ ಸುಮ್ಮನಿರದೆ ಭಾಷಣ ಮಾಡಿದರು, ಪತ್ರಿಕೆಯಲ್ಲಿ ಬರೆದರು. ಮೂಲನಿವಾಸಿಗಳ ಸಂಘಟನೆಗಳು ಬೀದಿಗಿಳಿದವು. ಅದೇ ತಿಂಗಳ ಕೊನೆಗೆ ವಿಧಿ ವಾಪಸ್ ಬಂತು. ‘ಈಗ ಅಸ್ತಿತ್ವದಲ್ಲಿರುವ’ ಹಕ್ಕುಗಳು ಅಂತ ಒಂದು ಕಡಿವಾಣ ಹಾಕಿಯೇ ಬಂತು. ಇವತ್ತು ಎಲ್ಲರೂ ಹೇಳುವ 35ನೇ ವಿಧಿ ಅದೇ.

ಬರ್ಜರ್ ಮಾತ್ರ ಬೆಲೆ ತೆತ್ತರು. ಫೆಡರಲ್ ಕೋರ್ಟಿನ ನ್ಯಾಯಾಧೀಶ ಜಾರ್ಜ್ ಆಡಿ ಇವರ ಮೇಲೆ ನ್ಯಾಯಾಂಗ ಮಂಡಳಿಗೆ ದೂರು ಕೊಟ್ಟರು. ಮಂಡಳಿ 1982ರಲ್ಲಿ, ಮಾಡಿದ್ದು ವಿವೇಕದ ಕೆಲಸವಲ್ಲ, ಆದರೆ ತೆಗೆದುಹಾಕುವಂಥ ತಪ್ಪೂ ಅಲ್ಲ ಅಂದಿತು. ಮುಖ್ಯ ನ್ಯಾಯಮೂರ್ತಿ ಬೋರಾ ಲಾಸ್ಕಿನ್ ವಕೀಲರ ಸಮ್ಮೇಳನದಲ್ಲೇ ಇವರನ್ನು ಟೀಕಿಸಿದರು. ನ್ಯಾಯಾಧೀಶರು ರಾಜಕೀಯದ ಮಾತಾಡಿದರೆ ನಾಳೆ ಅವರ ತೀರ್ಪನ್ನು ಯಾರು ನಂಬುತ್ತಾರೆ ಅನ್ನುವ ಆತಂಕ ಸುಳ್ಳೇನಲ್ಲ. ಆದರೆ ಆರು ಮಂದಿ ಸುಪ್ರೀಂ ಕೋರ್ಟ್ ನ್ಯಾಯಮೂರ್ತಿಗಳು ಒಪ್ಪಿದ ಹಕ್ಕನ್ನು ರಾತ್ರೋರಾತ್ರಿ ಸಂವಿಧಾನದಿಂದ ಬಿಟ್ಟುಬಿಟ್ಟಾಗ, ಆ ವಿಷಯ ಅಷ್ಟು ಬಲ್ಲವರು ಬಾಯಿ ಮುಚ್ಚಿಕೊಂಡಿರಬೇಕಿತ್ತು ಅಂತ ನನಗೆ ಅನ್ನಿಸುವುದಿಲ್ಲ. 1983ರಲ್ಲಿ ಅವರು ರಾಜೀನಾಮೆ ಕೊಟ್ಟು ವಕೀಲಿಗೆ ಮರಳಿದರು.

ಇಲ್ಲಿಂದ ಮುಂದಿನ ದಾರಿ ಭಾರತಕ್ಕೂ ಬಂತು. ನರ್ಮದಾ ನದಿಯ ಸರ್ದಾರ್ ಸರೋವರ ಅಣೆಕಟ್ಟಿಗೆ ವಿಶ್ವಬ್ಯಾಂಕ್ 1985ರಲ್ಲಿ 45 ಕೋಟಿ ಡಾಲರ್ ಸಾಲ ಕೊಟ್ಟಿತ್ತು. ನರ್ಮದಾ ಕಣಿವೆಯ ಹೋರಾಟ ಜೋರಾದಾಗ ಬ್ಯಾಂಕ್ 1991ರಲ್ಲಿ ಸ್ವತಂತ್ರ ಸಮಿತಿ ನೇಮಿಸಿತು. ಬ್ಯಾಂಕಿನ ಚರಿತ್ರೆಯಲ್ಲೇ ಇಂಥದ್ದು ಮೊದಲು. ನಮ್ಮಲ್ಲಿ ಅದು ಮೋರ್ಸ್ ಸಮಿತಿ ಅಂತಲೇ ಗೊತ್ತು. ಬ್ರಾಡ್‌ಫರ್ಡ್ ಮೋರ್ಸ್ ಅಧ್ಯಕ್ಷರಾದರೆ ಉಪಾಧ್ಯಕ್ಷರು ಬರ್ಜರ್. 1992ರ ಜೂನ್‌ನ ವರದಿಯಲ್ಲಿ ಒಂದು ವಿಷಯ ಎದ್ದು ಕಾಣುತ್ತದೆ. ತಲೆಮಾರುಗಳಿಂದ ಕಾಡಿನ ನೆಲ ಉಳುತ್ತಿದ್ದ ಆದಿವಾಸಿಗಳ ಕೈಯಲ್ಲಿ ಪಟ್ಟೆ ಇರಲಿಲ್ಲ. ದಾಖಲೆಯಲ್ಲಿ ಅವರು ಒತ್ತುವರಿದಾರರು. ಹಾಗಾಗಿ ಮುಳುಗಡೆಯಾದರೂ ಅವರಿಗೆ ಬದಲಿ ಜಮೀನು ಸಿಗುವ ಭರವಸೆ ಇರಲಿಲ್ಲ. ನಾಸ್ ಕಣಿವೆಯಲ್ಲಿ ಕೇಳಿದ ಪ್ರಶ್ನೆಯೇ ನರ್ಮದಾ ಕಣಿವೆಯಲ್ಲೂ ಎದುರಾಗಿತ್ತು. ಸಮಿತಿ ಬ್ಯಾಂಕಿಗೆ ಹಿಂದೆ ಸರಿಯಲು ಹೇಳಿತು. 1993ರ ಮಾರ್ಚ್‌ನಲ್ಲಿ ಭಾರತ ಸರ್ಕಾರ ಉಳಿದ ಸಾಲ ಬೇಡ ಅಂದಿತು. ಅಣೆಕಟ್ಟು ನಿಲ್ಲಲಿಲ್ಲ. ಆದರೆ ಬ್ಯಾಂಕಿನ ಯೋಜನೆಗಳಿಂದ ತೊಂದರೆಗೊಳಗಾದವರು ದೂರು ಕೊಡಲು ಅದೇ ವರ್ಷ ತಪಾಸಣಾ ಮಂಡಳಿ ಹುಟ್ಟಿತು.

ನಿಸ್ಗಾ ಜನರ ಒಪ್ಪಂದ 2000ದ ಮೇ 11ರಂದು ಜಾರಿಗೆ ಬಂತು. ಸುಮಾರು 2,000 ಚದರ ಕಿಲೋಮೀಟರ್ ನೆಲ ಮತ್ತು ಸ್ವಂತ ಆಡಳಿತ ಅವರ ಕೈಗೆ ಬಂದವು. ಅದನ್ನು ನೋಡಲು ಕಾಲ್ಡರ್ ಬದುಕಿದ್ದರು. 2014ರಲ್ಲಿ ಸುಪ್ರೀಂ ಕೋರ್ಟ್, ಬ್ರಿಟಿಷ್ ಕೊಲಂಬಿಯಾದ ಛಿಲ್ಕೋಟಿನ್ ಜನರ ಕೇಸಿನಲ್ಲಿ, ಇಂತಿಷ್ಟು ನೆಲ ಇವರದೇ ಅಂತ ಗುರುತಿಸಿ ಮೊದಲ ಬಾರಿ ಘೋಷಿಸಿತು. 1973ರಲ್ಲಿ ನಿಸ್ಗಾ ಜನರಿಗೆ ಸಿಗದೇ ಹೋದ ಘೋಷಣೆ ಅದು.

ಬರ್ಜರ್ ಕೊನೆಯವರೆಗೂ ಕರಿ ಕೋಟು ಕಳಚಲಿಲ್ಲ. ಮ್ಯಾನಿಟೋಬಾ ಪ್ರಾಂತ್ಯದ ಮೇಟೀ ಜನರಿಗೆ, ಅಂದರೆ ಮೂಲನಿವಾಸಿ ಮತ್ತು ಯುರೋಪಿಯನ್ ಮಿಶ್ರ ಮೂಲದವರಿಗೆ, 1870ರಲ್ಲಿ ಕೊಟ್ಟ ಮಾತಿನ ಭೂಮಿ ಸರಿಯಾಗಿ ಹಂಚಿಕೆಯಾಗಲಿಲ್ಲ ಅಂತ 2013ರಲ್ಲಿ ಸುಪ್ರೀಂ ಕೋರ್ಟಿನಲ್ಲಿ ಗೆದ್ದರು. 2017ರ ಮಾರ್ಚ್‌ನಲ್ಲಿ, 84 ತುಂಬುವ ಹೊತ್ತಿಗೆ, ಯುಕಾನ್‌ನ ಪೀಲ್ ನದಿ ಜಲಾನಯನ ಪ್ರದೇಶದ ಕೇಸು ವಾದಿಸಿದರು. ಮೂಲನಿವಾಸಿಗಳ ಜೊತೆ ಕೂತು ತಯಾರಿಸಿದ ಯೋಜನೆಯನ್ನು ಬದಿಗಿಟ್ಟು ಸರ್ಕಾರ ತನ್ನದೇ ಯೋಜನೆ ಹೇರುವಂತಿಲ್ಲ ಅಂತ ಡಿಸೆಂಬರ್ 1ರಂದು ತೀರ್ಪು ಬಂತು. ಅದೇ ತಿಂಗಳು, ಮೆಕೆಂಝಿ ಕಣಿವೆಯ ಅನಿಲ ಯೋಜನೆ ಲಾಭದಾಯಕವಲ್ಲ ಅಂತ ಇಂಪೀರಿಯಲ್ ಆಯಿಲ್ ಕಂಪನಿ ಅದನ್ನು ಪೂರ್ತಿ ಕೈಬಿಟ್ಟಿತು. 2021ರ ಏಪ್ರಿಲ್ 28ರಂದು ಬರ್ಜರ್ ತೀರಿಕೊಂಡರು. ಬ್ರಿಟಿಷ್ ಕೊಲಂಬಿಯಾದ ಬಹುಭಾಗ ನೆಲಕ್ಕೆ ಇನ್ನೂ ಯಾವ ಒಪ್ಪಂದವೂ ಆಗಿಲ್ಲ.